ತಾತನ ಸೊನ್ನೆ

ಆಷಾಢದ ಗಾಳಿಗೆ, ಚಿನ್ನ ತೆಗೆದು ಸುರಿದ ಮಣ್ಣಿನ ಸೈನೈಡ್ ದಿಬ್ಬದ ಬೂದು ಪುಡಿ ಹಾರಿಬಂದು, ಕೆಜಿಎಫ್‌ನ ಉರಿಗಾಂನ ನಮ್ಮ ಮನೆಯಲ್ಲಿ ಮುದ್ದೆಯ ತಟ್ಟೆಯ ಮೇಲೂ ಕೂರುತ್ತಿದ್ದ ದಿನಗಳವು. ನನಗೆ ಹದಿನಾರು ತುಂಬಿರಲಿಲ್ಲ. ರೈಲಿನಲ್ಲಿ ಬಂಗಾರಪೇಟೆಯ ಕಾಲೇಜಿಗೆ ಹೋಗಿಬರುತ್ತಿದ್ದೆ. ವಿಜ್ಞಾನ ಓದಲು ಅಪ್ಪ ಒಪ್ಪಿದ್ದು ಒಂದೇ ಷರತ್ತಿನ ಮೇಲೆ: "ಲೆಕ್ಕದ ಮೇಷ್ಟ್ರು ಇವಳ ಕೈಲಾಗಲ್ಲ ಅಂದ್ರೆ ಅವತ್ತೇ ಬಿಡಿಸ್ತೀನಿ. ಹೊಲಿಗೆ ಮಿಷನ್ ಮುಂದೆ ಕೂತ್ಕೋಬೇಕು."

ಮೇಷ್ಟ್ರು ದಿನಕ್ಕೊಬ್ಬರನ್ನು ಬೋರ್ಡಿಗೆ ಕರೆಯುತ್ತಿದ್ದರು. ಮರುದಿನ ನನ್ನ ಸರದಿ. ಪಾಠ, ಪರವಲಯ: ಎಸೆದ ಚೆಂಡು ಏರಿ, ಬಾಗಿ, ಬೀಳುವ ಗೆರೆ. ಅದು ತಿರುಗುವ ಬಿಂದು ಶೃಂಗ. ಶೃಂಗವೂ ಗೆರೆಯ ಮೇಲಿನ ಇನ್ನೊಂದು ಬಿಂದುವೂ ಗೊತ್ತಿದ್ದರೆ ಸಮೀಕರಣ ಬರೆಯಬಹುದು.

ಸಂಜೆ ತಾತನ ಪಕ್ಕ ಕೂತೆ. ಗಣಿಯಲ್ಲಿ ದುಡಿದು ನಿವೃತ್ತರಾದ ಅವರ ಮೈಯಲ್ಲಿ ಬೀಡಿ, ಹರಳೆಣ್ಣೆಯ ವಾಸನೆ. ಪುಸ್ತಕದ ಲೆಕ್ಕದ ಶೃಂಗ (2, 4) ಎಂದೆ. ತಾತ ಸ್ಲೇಟಿನ ಮೇಲೆ ಅಡ್ಡಗೆರೆ ಎಳೆದು, ಎರಡು ಪಕ್ಕಕ್ಕೆ, ನಾಲ್ಕು ಕೆಳಕ್ಕೆ ಎಣಿಸಿ ಚುಕ್ಕೆ ಇಟ್ಟರು.

"ನಾಲ್ಕು ಮೇಲಕ್ಕೆ ತಾತ."

"ಮೇಲಕ್ಕೇನೈತೆ ಅಮ್ಮಿ, ಬರೀ ಗಾಳಿ! ಗಣಿ ಬಾಯಿ ಸೊನ್ನೆ. ಇಳ್ದಷ್ಟೂ ನಂಬರ್ ಜಾಸ್ತಿ."

"ಮಾವಾ, ಅದರ ತಲೆ ಕೆಡಿಸ್ಬ್ಯಾಡಿ," ಅಮ್ಮ ಒಳಗಿನಿಂದ ಕೂಗಿದಳು. ನಾನು ನಕ್ಕೆ. ಆದರೆ ನಾನು ಬೆಳೆದದ್ದೂ ಆ ಎಣಿಕೆಯಲ್ಲೇ. ನಮ್ಮ ಬೀದಿಯ ಕುಂಟೆಬಿಲ್ಲೆಯಲ್ಲಿ ಮೊದಲ ಮನೆಗೆ 'ಬಾಯಿ' ಎನ್ನುತ್ತಿದ್ದೆವು. ಮುಂದೆ ಹೋಗುವುದೆಲ್ಲ 'ಇಳಿಯುವುದು'.

ಮರುದಿನ ಬೋರ್ಡಿನ ಮೇಲಿದ್ದದ್ದೂ ಅದೇ ಲೆಕ್ಕ: ಶೃಂಗ (2, 4), ಗೆರೆ ಹೊರಡುವುದು (0, 0)ಯಿಂದ. ಹೆದರಿದ ಕೈ ನಾಲ್ಕನ್ನು ಕೆಳಗೆ ಗುರುತಿಸಿತು. ಗುಡ್ಡವಾಗಬೇಕಿದ್ದ ಗೆರೆ ಬಟ್ಟಲಾಯಿತು. ಬಟ್ಟಲು ಮೇಲಕ್ಕೆ ತೆರೆದಿದ್ದರೆ ಧನ ಚಿಹ್ನೆ ಎಂದು ಬಾಯಿಪಾಠವಾಗಿತ್ತು. y = (x − 2)² + 4 ಎಂದು ಬರೆದೆ.

"xಗೆ ಸೊನ್ನೆ ಹಾಕಮ್ಮ," ಎಂದರು ಮೇಷ್ಟ್ರು.

ಹಾಕಿದೆ. ಸೊನ್ನೆ ಬರಬೇಕಾದಲ್ಲಿ ಎಂಟು ಬಂತು.

"ಕೆಜಿಎಫ್ ಅಲ್ವಾ ಸಾರ್, ಚಿನ್ನ ತೆಗೀತಾವ್ಳೆ!" ಹಿಂದಿನ ಬೆಂಚಿನಿಂದ ಯಾರೋ ಅಂದರು. ತರಗತಿ ನಕ್ಕಿತು. ನನ್ನ ಕಣ್ಣ ಮುಂದೆ ಹೊಲಿಗೆ ಮಿಷನ್ನಿನ ಚಕ್ರ ತಿರುಗುತ್ತಿತ್ತು.

"ಯಾರು ಹೇಳ್ಕೊಟ್ರು ಹೀಗೆ?"

"ಯಾರೂ ಇಲ್ಲ ಸಾರ್."

ಅಳಿಸಿ ಮತ್ತೆ ಬರೆದೆ: y = a(x − 2)² + 4. x, y ಎರಡಕ್ಕೂ ಸೊನ್ನೆ ಹಾಕಿದರೆ 0 = 4a + 4, a = −1. ಹಾಗಾಗಿ y = −(x − 2)² + 4. ಮೇಷ್ಟ್ರು ಒಂದು ಗಳಿಗೆ ನೋಡಿ, "ಹೂಂ, ಕೂತ್ಕೋ," ಎಂದರು. ಅಷ್ಟೇ.

ಸಂಜೆ ತಾತ ಬಾಗಿಲಲ್ಲೇ ಕಾದಿದ್ದರು. "ಸರಿ ಬಂತಾ ಅಮ್ಮಿ?"

"ಬಂತು ತಾತ."

ಆಮೇಲೆ ಮತ್ತೆ ತಪ್ಪೀತೆಂಬ ಹೆದರಿಕೆಗೆ ಅಡುಗೆಮನೆಯಲ್ಲಿ ಒಬ್ಬಳೇ ಕೂತು ಲೆಕ್ಕ ಮಾಡತೊಡಗಿದೆ. ತಾತ ಕೆಲವು ದಿನ ಸ್ಲೇಟು ತೊಳೆದಿಟ್ಟು ಕಾದರು. ಒಂದು ದಿನ ಅದನ್ನು ಅಟ್ಟಕ್ಕೆ ಹಾಕಿದರು.

ಅಪ್ಪ ನನ್ನನ್ನು ಬಿಡಿಸಲಿಲ್ಲ. ಕೆಳಗನ್ನು ಧನವೆಂದುಕೊಂಡರೂ ಸಮೀಕರಣ ಅದೇ ಬರುತ್ತದೆ, ಆದರೆ ಕೊನೆಯವರೆಗೂ ಹಾಗೆಯೇ ಎಣಿಸಿ, ಮೇಲಕ್ಕೆ ತೆರೆದ ಬಟ್ಟಲಿಗೆ ಋಣ ಚಿಹ್ನೆ ಹಾಕಬೇಕು ಎಂಬುದು ಎಂಎಸ್ಸಿಯಲ್ಲಿ ಒಂದು ಮಧ್ಯಾಹ್ನ ತಟ್ಟನೆ ಹೊಳೆಯಿತು. ತಾತನ ಸೊನ್ನೆ ತಪ್ಪಾಗಿರಲಿಲ್ಲ. ಅರ್ಧದಲ್ಲಿ ಅದನ್ನು ಬಿಟ್ಟವಳು ನಾನು. ಆ ವಾರ ಊರಿಗೆ ಹೋದೆ. ಸ್ಲೇಟು ಅಟ್ಟದಲ್ಲೇ ಇತ್ತು. ತಾತ ಹೋಗಿ ಆಗಲೇ ಎರಡು ವರ್ಷವಾಗಿತ್ತು.