ಅವ್ವನ ಬಲಮಂಡಿಯ ಇಂಜೆಕ್ಷನ್

ಎರಡು ಸಾವಿರದ ಇಸವಿ ದಾಟಿದ ಮೇಲಿನ ಮಾತು. ನಾನು ಭೀಮನಬೀಡಿನಿಂದ ಚಾಮರಾಜನಗರಕ್ಕೆ ದಿನಾ ಬಸ್ಸಿನಲ್ಲಿ ಕೆಲಸಕ್ಕೆ ಹೋಗಿಬರುತ್ತಿದ್ದೆ. ಅವ್ವನ ಎರಡೂ ಮಂಡಿ ಸವೆದಿದ್ದವು. ಹಸು ಕರೆಯಲು ಕುಕ್ಕರುಗಾಲಲ್ಲಿ ಕೂತರೆ ಗೋಡೆ ಹಿಡಿದೇ ಏಳಬೇಕು. ಈಚೆಗಂತೂ ಬಲಮಂಡಿ ಊದಿಕೊಂಡು ಮಡಚಲೂ ಬರುತ್ತಿರಲಿಲ್ಲ. ಮಂಡಿಗೆ ಸೂಜಿ ಹಾಕಿಸಿಕೊಂಡರೆ ಕಾಲೇ ಹೋಗುತ್ತದೆ ಎಂದು ಊರವರು ಹೆದರಿಸಿದ್ದರು. ಅವ್ವನಿಗೆ ಹೆದರಿಕೆಗಿಂತ ಕುತೂಹಲವೇ ಹೆಚ್ಚು.

"ಸೂಜಿ ಮೂಳೆಗೆ ಓಯ್ತದಾ, ಮಾಂಸಕ್ಕೆ ಓಯ್ತದಾ?" ಎಂದು ಆಸ್ಪತ್ರೆಗೆ ಹೊರಟ ದಿನ ಬಸ್ಸಿನಲ್ಲಿ ನನ್ನನ್ನು ಕೇಳಿದಳು.

ಚಾಮರಾಜನಗರದ ಮೂಳೆ ಡಾಕ್ಟರನ್ನೂ ಅದನ್ನೇ ಕೇಳಿದಳು. ಅವರು ನಕ್ಕು, "ಎರಡಕ್ಕೂ ಅಲ್ಲಮ್ಮ, ನಡುವಿನ ಸಂದಿಗೆ," ಎಂದರು. ಮಲಗಿಸಿ, ಮಂಡಿಯನ್ನು ಔಷಧಿಯಿಂದ ಒರೆಸಿ, ಮೊದಲು ಒಳಗಿನ ನೀರು ಎಳೆದರು. ಅವ್ವ ಕಣ್ಣು ಮುಚ್ಚಲಿಲ್ಲ. ಮೊಣಕೈ ಊರಿ ತಲೆಯೆತ್ತಿ ನೋಡಿದಳು. ಸಿರಿಂಜಿನಲ್ಲಿ ಹರಳೆಣ್ಣೆಯಂಥ ತಿಳಿಹಳದಿ ನೀರು.

"ಇಷ್ಟೂ ನನ್ನೊಳಗೇ ಇತ್ತಾ ಸ್ವಾಮಿ?"

"ಇತ್ತು. ಕೀಲು ಸವೆದು ಊತ ಬಂದಾಗ ನೀರು ತುಂಬ್ಕೊಳ್ಳುತ್ತೆ. ಈಗ ಕೊಡೋ ಔಷಧಿ ಊತ ಇಳಿಸುತ್ತೆ ಅಷ್ಟೆ. ಸವೆದಿದ್ದು ವಾಪಸ್ ಬರಲ್ಲ."

ಬಲಮಂಡಿಗೆ ಇಂಜೆಕ್ಷನ್ ಕೊಟ್ಟು, ಎಡಗಾಲಿಗೆ ಸದ್ಯ ಬೇಡ ಎಂದರು. ಅಲ್ಲಿಂದ ಅವ್ವನ ಪರೀಕ್ಷೆ ಶುರುವಾಯಿತು. ಮೊದಲ ದಿನ ಬಲಗಾಲು ಇನ್ನೂ ಜಾಸ್ತಿ ನೋಯಿತು. ವಾರದೊಳಗೆ ಹಗುರಾಯಿತು. ಬೆಳಿಗ್ಗೆ ಎದ್ದವಳೇ ಎರಡೂ ಮಂಡಿಯ ಮೇಲೆ ಅಂಗೈ ಇಟ್ಟು ಊತದ ಬಿಸಿ ನೋಡುವಳು. "ಇದು ಡಾಕ್ಟ್ರು ಕಾಲು, ಇದು ನನ್ ಕಾಲು," ಎನ್ನುವಳು. ಉಡಿಗಾಲದಿಂದ ಬಂದ ಚಿಕ್ಕವ್ವನಿಗೂ ಮುಟ್ಟಿಸಿದಳು.

"ಯಾವ್ದು ಬೆಚ್ಚಗದೆ ಏಳಮ್ಮಿ."

"ಎಡಗಾಲು ಕಣಕ್ಕ. ಇದು ತಣ್ಣಗೇ ಅದೆ," ಎಂದು ಚಿಕ್ಕವ್ವ ತನ್ನ ಮಂಡಿಯನ್ನೂ ಮುಟ್ಟಿ ನೋಡಿಕೊಂಡಳು.

ಕೆಲವು ತಿಂಗಳು ಸುಖವಾಗಿ ಕಳೆದವು. ಆಮೇಲೆ ನೋವು ಮೆಲ್ಲಗೆ ತಿರುಗಿ ಬಂತು. ಅವ್ವ ಸಪ್ಪಗಾದಳು. ಇನ್ನೊಂದು ಇಂಜೆಕ್ಷನ್ ಕೊಡಿ ಎಂದು ಕೇಳಿದ್ದಕ್ಕೆ ಡಾಕ್ಟರು, "ಪದೇಪದೇ ಕೊಡೋದು ಒಳ್ಳೇದಲ್ಲ. ತೊಡೆ ಗಟ್ಟಿ ಮಾಡ್ಕೊಳಿ, ಮಂಡಿ ಮೇಲಿನ ಭಾರ ಕಡಿಮೆಯಾಗುತ್ತೆ," ಎಂದು ಕೂತಲ್ಲೇ ಕಾಲು ನೆಟ್ಟಗೆ ಎತ್ತಿ ಹಿಡಿಯುವುದನ್ನು ಕಲಿಸಿದರು. "ಕಾಲು ನೋಯ್ತದೆ ಅಂದ್ರೆ ಕಾಲೇ ಎತ್ತು ಅಂತಾರಲ್ಲ!" ಎಂದು ಬೆರಗಾದರೂ, ಜಗಲಿ ಮೇಲೆ ಕೂತು ದಿನಾ ಎತ್ತಿದಳು, ಎರಡನ್ನೂ.

ನೋವು ಪೂರ್ತಿ ಹೋಗಲಿಲ್ಲ. ಆದರೆ ಸೂಜಿ ಕಾಣದ ಎಡಗಾಲೂ ಸುಧಾರಿಸಿತು. ಅದು ಹೇಗೆಂದು ಕೇಳಲೆಂದೇ ಅವ್ವ ಒಂದು ದಿನ ನನಗೂ ಹೇಳದೆ, ಗುಂಡ್ಲುಪೇಟೆಯಲ್ಲಿ ಬಸ್ಸು ಬದಲಿಸಿ, ಒಬ್ಬಳೇ ಡಾಕ್ಟರ ಹತ್ತಿರ ಹೋಗಿಬಂದಳು.