ಕರಗದ ಬೆಣ್ಣೆ

ಬೆಣ್ಣೆ ಅಂದ ಮೇಲೆ ಕರಗಬೇಕು. ಅದು ಅದರ ಧರ್ಮ. ಕರಗದ್ದನ್ನು ಬೆಣ್ಣೆ ಅಂತ ಮಾರುವವನಿಗೆ ಏನನ್ನಬೇಕೋ ಅದನ್ನು ನನ್ನ ಒಡಹುಟ್ಟಿದ ತಮ್ಮನಿಗೇ ಅನ್ನಬೇಕಾಗಿ ಬಂತಲ್ಲ, ಆ ಸಂಕಟ ನನ್ನ ಶತ್ರುವಿಗೂ ಬೇಡ.

ನಾನು ಬೆಣ್ಣೆ ಅಂಗಡಿಯ ಮಗಳು. ಚಾಮರಾಜಪೇಟೆಯಲ್ಲಿ ನಮ್ಮಪ್ಪನದು ಒಂದೇ ಬಾಗಿಲಿನ ಅಂಗಡಿ. ಮಾಗಡಿ, ಕನಕಪುರದ ಕಡೆಯ ಹಳ್ಳಿಗಳಿಂದ ಬೆಣ್ಣೆ ಒದ್ದೆ ಬಟ್ಟೆ ಸುತ್ತಿದ ಪಾತ್ರೆಗಳಲ್ಲಿ ಬಸ್ ಹತ್ತಿ ಕಲಾಸಿಪಾಳ್ಯಕ್ಕೆ ಬಂದಿಳಿಯುತ್ತಿತ್ತು. ಅಪ್ಪ ಹೊಸ ಗಿರಾಕಿಯ ಮುಂಗೈಗೆ ಒಂದು ಚೂರು ಸವರಿ, "ಉಜ್ಜಿ ನೋಡಿ" ಅನ್ನುತ್ತಿದ್ದರು. ಒಳ್ಳೆಯ ಬೆಣ್ಣೆ ಮೈಶಾಖಕ್ಕೇ ಕರಗಿ ಚರ್ಮದಲ್ಲಿ ಇಂಗುತ್ತದೆ. ಕಲಬೆರಕೆಯದು ಮೇಣದ ಹಾಗೆ ಮೇಲೆಯೇ ಕೂತಿರುತ್ತದೆ, ಎಷ್ಟು ತಿಕ್ಕಿದರೂ ಜಿಡ್ಡು ಬಿಡುವುದಿಲ್ಲ. ನಾನೂ ತಮ್ಮನೂ ಅಕ್ಷರ ಕಲಿಯುವ ಮೊದಲು ಇದನ್ನು ಕಲಿತಿದ್ದೆವು. ಅಪ್ಪ ಹೋದ ಮೇಲೆ ಅಂಗಡಿ ತಮ್ಮನಿಗೆ ಬಂತು. ನಾನು ಬಸವನಗುಡಿಗೆ ಸೊಸೆಯಾಗಿ ಬಂದವಳು, ತವರಿನಿಂದ ಬೇರೇನೂ ಕೇಳಿದವಳಲ್ಲ. ಮನೆಗೆ ಬೆಣ್ಣೆ ಮಾತ್ರ ಅವನ ಅಂಗಡಿಯದೇ ಆಗಬೇಕು ಅನ್ನುವುದು ನನ್ನ ಹಟ.

ಈಗ ಹಳ್ಳಿಯಲ್ಲಿ ಕಡೆಯುವವರೇ ಇಲ್ಲ. ಹಾಲು ಕರೆದದ್ದೇ ತಡ, ಡೈರಿಯ ಕ್ಯಾನಿಗೆ ಹೋಗುತ್ತದೆ. ತಪ್ಪೇನಿಲ್ಲ, ಅವರ ಹೊಟ್ಟೆಯೂ ತುಂಬಬೇಕು. ಅಂಗಡಿಗೆ ಈಗ ಬೆಣ್ಣೆ ಬರುವುದು ಯಾವುದೋ ದೂರದ ರಾಜ್ಯದ ಕೋಲ್ಡ್ ಸ್ಟೋರೇಜಿನಿಂದ, ರಟ್ಟಿನ ಪೆಟ್ಟಿಗೆಯಲ್ಲಿ, ಇಟ್ಟಿಗೆಯಂತೆ ಗಟ್ಟಿಯಾಗಿ. ಬೇಸಿಗೆಯಲ್ಲಿ ಹಾಲು ಕಡಿಮೆಯಾದರೆ ದೊಡ್ಡ ಡೈರಿಗಳು ಕೂಡಿಟ್ಟ ಬೆಣ್ಣೆಯನ್ನೂ ಹಾಲಿನ ಪುಡಿಯನ್ನೂ ಬೆರೆಸಿ ಮತ್ತೆ ಹಾಲು ಮಾಡಿಕೊಳ್ಳುತ್ತವೆ. ಆಗ ಪೇಟೆಗೆ ಬೆಣ್ಣೆ ಇಲ್ಲ. ದೀಪಾವಳಿ ಹತ್ತಿರ ಬಂದರೆ ಉತ್ತರದ ಮಿಠಾಯಿಯವರು ಲಾರಿಗಟ್ಟಲೆ ಎತ್ತುತ್ತಾರೆ, ಆಗಲೂ ಇಲ್ಲ. ಹೊರದೇಶದಲ್ಲಿ ಬೆಲೆ ಏರಿದರೆ ಹಡಗು ಹತ್ತುತ್ತದೆ. ತಮ್ಮ ಬೆಳಗ್ಗೆ ಎದ್ದು ದೇವರ ಪಟ ನೋಡುವ ಮೊದಲು ಮೊಬೈಲಿನಲ್ಲಿ ಬೆಣ್ಣೆಯ ರೇಟು ನೋಡುತ್ತಿದ್ದ. "ಎತ್ತಿಗೆ ಜ್ವರ ಬಂದ್ರೆ ಎಮ್ಮೆಗೆ ಬರೆ ಅಂತಾರಲ್ಲ ಅಕ್ಕ, ಹಂಗಾಗಿದೆ ನನ್ನ ಕತೆ. ಎಲ್ಲೋ ಉತ್ತರದಲ್ಲಿ ಹಾಲು ಕಮ್ಮಿ ಆದ್ರೆ ಇಲ್ಲಿ ಗಿರಾಕಿ ನನ್ನ ಮುಖಕ್ಕೆ ಉಗೀತಾನೆ" ಅನ್ನುತ್ತಿದ್ದ. ನನಗೆ ಅಯ್ಯೋ ಅನ್ನಿಸುತ್ತಿತ್ತು.

ಹೋಟೆಲಿನವರು ಒಬ್ಬೊಬ್ಬರಾಗಿ ಬೆಣ್ಣೆಯ ಹಾಗೇ ಕಾಣುವ ಎಣ್ಣೆಯ ಸ್ಪ್ರೆಡ್ಡಿಗೆ ಹೊರಳಿದರು. ದೋಸೆಯ ಮೇಲೆ ಕೂರುವ ಹಳದಿ ಮುದ್ದೆ ಈಗ ಹೆಚ್ಚಿನ ಕಡೆ ಅದೇ. ಸೂಪರ್ ಮಾರ್ಕೆಟ್ಟಿನ ಫ್ರಿಜ್ಜಿನಲ್ಲೂ ಬೆಣ್ಣೆಯ ಪಕ್ಕದಲ್ಲೇ ಅದನ್ನು ಜೋಡಿಸಿರುತ್ತಾರೆ. ಡಬ್ಬಿಯ ಮುಂದೆ ಹಸಿರು ಹುಲ್ಲು, ಹಿಂದೆ ಇರುವೆ ಸಾಲಿನಂಥ ಅಕ್ಷರದಲ್ಲಿ ಎಣ್ಣೆಯ ಹೆಸರು. ನಾನು ಕನ್ನಡಕ ಏರಿಸಿ ಓದಿ, ವಾಪಸ್ ಇಟ್ಟು, "ನಮ್ಮ ಅಂಗಡಿ ಇರೋವರ್ಗೂ ನಂಗ್ಯಾಕೆ ಈ ದರಿದ್ರ" ಎಂದು ಬೀಗಿಕೊಂಡು ಬರುತ್ತಿದ್ದೆ. ಆ ಡಬ್ಬಿಯವರು ಸಣ್ಣ ಅಕ್ಷರದಲ್ಲಾದರೂ ಬರೆದಿರುತ್ತಾರೆ ಅನ್ನುವುದು ಆಮೇಲೆ ಹೊಳೆಯಿತು.

ನನ್ನ ಮಗಳಿಗೆ ಮದುವೆಯಾಗಿ ಬಹಳ ವರ್ಷಕ್ಕೆ ಬಸಿರು ನಿಂತಿತು. ಕೂಸು ತಿಂಗಳು ತುಂಬುವ ಮೊದಲೇ ಹುಟ್ಟಿತು. ಹೆಣ್ಣು ಮಗು, ನನ್ನ ಅಂಗೈಯಷ್ಟು. ಆಸ್ಪತ್ರೆಯ ಗಾಜಿನ ಪೆಟ್ಟಿಗೆಯಲ್ಲಿ ಮಲಗಿಸಿದ್ದರು, ಮೈತುಂಬ ನಳಿಕೆ. ಡಾಕ್ಟರು "ನೋಡೋಣ" ಅನ್ನುವುದು ಬಿಟ್ಟು ಬೇರೇನೂ ಹೇಳುತ್ತಿರಲಿಲ್ಲ. ನಾನು ಆಸ್ಪತ್ರೆಯ ಮೆಟ್ಟಿಲ ಮೇಲೆ ನಿಂತು ನಮ್ಮ ಬೀದಿಯ ಆಂಜನೇಯನ ಗುಡಿಯ ದಿಕ್ಕಿಗೆ ಕೈಮುಗಿದು ಹರಕೆ ಹೊತ್ತೆ: ಮಗು ಉಳಿದು ಮನೆಗೆ ಬಂದರೆ ನಿನಗೆ ಮೈತುಂಬ ಬೆಣ್ಣೆ ಅಲಂಕಾರ ಮಾಡಿಸುತ್ತೇನೆ. ಪಕ್ಕದಲ್ಲೇ ತಮ್ಮ ನಿಂತಿದ್ದ. ಅವನ ಕಣ್ಣಲ್ಲೂ ನೀರು. "ಬೆಣ್ಣೆ ನನ್ನ ಜವಾಬ್ದಾರಿ ಅಕ್ಕ. ನೀನು ಅದರ ಚಿಂತೆ ಬಿಡು" ಎಂದು ನನ್ನ ಕೈ ಹಿಡಿದುಕೊಂಡ. ಆ ಹಿಡಿತ ಇನ್ನೂ ನೆನಪಿದೆ, ಅದೇ ಹೊಟ್ಟೆಯುರಿ.

ಮಗು ಉಳಿಯಿತು. ಹಾಲು ಕುಡಿಯಿತು, ದಪ್ಪಗಾಯಿತು, ಅಂಬೆಗಾಲಿಟ್ಟಿತು. ವೈಶಾಖದ ಒಂದು ಶನಿವಾರ ಹರಕೆ ತೀರಿಸುವುದೆಂದು ನಿಶ್ಚಯವಾಯಿತು. ಮಗಳು, ಅಳಿಯ, ಶೇಷಾದ್ರಿಪುರದಿಂದ ಬೀಗಿತ್ತಿ, ಎಲ್ಲರೂ ಬೆಳಗ್ಗೆಯೇ ಬಂದರು. ತಮ್ಮ ಆಟೋದಲ್ಲಿ ಡಬ್ಬಗಳನ್ನು ತಂದಿಳಿಸಿದ. ಅರ್ಚಕರು ಬೆಣ್ಣೆಯನ್ನು ತಣ್ಣೀರಿನಲ್ಲಿ ನಾದಿ, ಸ್ವಾಮಿಯ ಮೈಗೆ ಮೆತ್ತಿ, ದ್ರಾಕ್ಷಿ, ಗೋಡಂಬಿಯಲ್ಲಿ ಹಾರ ಬರೆದು, ಪರದೆ ಸರಿಸಿದಾಗ ಬೆಳ್ಳಗೆ ಹೊಳೆಯುತ್ತಿದ್ದ ಆ ಮುಖ ನೋಡಿ ನಾನು ಗಳಗಳ ಅತ್ತುಬಿಟ್ಟೆ.

ನಮ್ಮ ಗುಡಿಯಲ್ಲಿ ಬೇಸಿಗೆಯ ಅಲಂಕಾರಕ್ಕೆ ಒಂದು ಪದ್ಧತಿಯಿದೆ. ಸ್ವಾಮಿಯ ಪಾದದ ಹತ್ತಿರ ಹಿತ್ತಾಳೆ ತಟ್ಟೆ ಇಟ್ಟಿರುತ್ತಾರೆ. ದೀಪದ ಕಾವಿಗೆ, ಜನರ ಉಸಿರಿನ ಸೆಕೆಗೆ ಮಧ್ಯಾಹ್ನದ ಹೊತ್ತಿಗೆ ಬೆಣ್ಣೆ ಜಾರತೊಡಗುತ್ತದೆ. "ಸ್ವಾಮಿ ಬೆವರ್ತಿದಾನೆ" ಅನ್ನುತ್ತಾರೆ ಹೆಂಗಸರು. ತಟ್ಟೆಗೆ ತೊಟ್ಟಿಕ್ಕಿದ್ದನ್ನು ಮಕ್ಕಳ ನೆತ್ತಿಗೆ ಹಚ್ಚುತ್ತಾರೆ. ನಾನು ಮೊಮ್ಮಗಳನ್ನು ಸೊಂಟದಲ್ಲಿಟ್ಟುಕೊಂಡು ಆ ತೊಟ್ಟಿಗಾಗಿಯೇ ಕಾದು ನಿಂತೆ.

ಮಧ್ಯಾಹ್ನವಾಯಿತು. ಕರೆಂಟು ಹೋಯಿತು, ಫ್ಯಾನು ನಿಂತಿತು. ನಮ್ಮ ಸೀರೆಗಳು ಬೆನ್ನಿಗೆ ಅಂಟಿದವು. ಸ್ವಾಮಿ ಮಾತ್ರ ಬೆವರಲಿಲ್ಲ. ಭುಜ, ಬಾಲ, ಗದೆ, ಎಲ್ಲ ಬೆಳಗ್ಗೆ ಮೆತ್ತಿದ ಹಾಗೇ ಇತ್ತು. ತಟ್ಟೆ ಒಣಗಿತ್ತು. ಯಾರೋ ಒಬ್ಬರು, "ನೋಡ್ರೀ, ಇಷ್ಟ್ ಸೆಕೇಲೂ ಒಂದ್ ಹನಿ ಕರಗಿಲ್ಲ!" ಅಂದರು. ಅಷ್ಟೇ ಸಾಕಾಯಿತು. ಪವಾಡ, ಪವಾಡ ಅಂತ ಗುಡಿಯೆಲ್ಲ ಗುಲ್ಲಾಯಿತು. ಮೊಬೈಲುಗಳು ಮೇಲೆದ್ದವು. ಬೀಗಿತ್ತಿ ನನ್ನ ಎರಡೂ ಕೈ ಹಿಡಿದು, "ನಿಮ್ಮ ಹರಕೆ ಸ್ವಾಮಿಗೆ ಸಂಪೂರ್ಣ ಒಪ್ಪಿಗೆ ಆಗಿದೆ ಕಣ್ರೀ. ನಮ್ಮ ಮಗೂಗೆ ಇನ್ನೇನೂ ಭಯ ಇಲ್ಲ" ಅಂದರು. ಮಗಳು ಬಗ್ಗಿ ನೆಲಕ್ಕೆ ಹಣೆ ಮುಟ್ಟಿಸಿದಳು.

ನಾನು ಬೆಣ್ಣೆ ಅಂಗಡಿಯ ಮಗಳಲ್ಲದೆ ಹೋಗಿದ್ದರೆ ಎಷ್ಟು ಚೆನ್ನಾಗಿತ್ತು! ಹೊಸ್ತಿಲ ಹತ್ತಿರ ಬಿದ್ದಿದ್ದ ಒಂದು ಚೂರನ್ನು ಎತ್ತಿ ಮುಂಗೈಗೆ ಸವರಿದೆ. ಉಜ್ಜಿದೆ. ಇಂಗಲಿಲ್ಲ. ನಾಲಗೆಗೆ ಇಟ್ಟೆ. ಅಂಗುಳಿಗೆ ಪದರವಾಗಿ ಅಂಟಿ ಕೂತಿತು. ಬೇಕರಿಯವರು ಪಫ್ಫಿಗೆ ಹಾಕುವ ಬಿಳಿ ವನಸ್ಪತಿ, ಜೊತೆಗೆ ವಾಸನೆಗೆ ಒಂದಿಷ್ಟು ಬೆಣ್ಣೆ.

ಆಗಲೂ ನನ್ನ ಹುಚ್ಚು ಮನಸ್ಸು ತಮ್ಮನ ಪರವಾಗಿಯೇ ವಾದ ಮಾಡಿತು. ಪಾಪ, ಅವನಿಗೇ ಯಾರೋ ಟೋಪಿ ಹಾಕಿದಾರೆ. ಪೆಟ್ಟಿಗೆಯಲ್ಲಿ ಬಂದದ್ದನ್ನು ನಂಬಿ ತಂದಿದಾನೆ. ಗೊತ್ತಾದರೆ ಎದೆ ಒಡೆದುಕೊಳ್ಳುತ್ತಾನೆ, ಈಗ ಹೇಳುವುದು ಬೇಡ, ನಿಧಾನವಾಗಿ ಹೇಳೋಣ. ಹೀಗೆ ಅವನನ್ನು ಸಮಾಧಾನ ಮಾಡುವ ಮಾತನ್ನು ನಾನು ಒಳಗೊಳಗೇ ಜೋಡಿಸಿಕೊಳ್ಳುತ್ತಿದ್ದೆ.

ಸಂಜೆ ಮಂಗಳಾರತಿ ಆಯಿತು. ಪ್ರಸಾದ ಹಂಚುವ ಮೊದಲು ಅರ್ಚಕರು ಸ್ವಾಮಿಯ ಕೆನ್ನೆಯಿಂದ ಒಂದು ಉಂಡೆ ತೆಗೆದು ಬಾಳೆಲೆಯಲ್ಲಿಟ್ಟು ನನ್ನ ಕೈಗೆ ಕೊಟ್ಟರು. "ಮಗೂಗೆ ತಿನ್ನಿಸಿ ಅಮ್ಮ, ಅವಳದೇ ಹರಕೆ." ಏನು ಮಾಡುವುದೆಂದು ತೋಚದೆ ನಿಂತಿದ್ದೆ. ತಮ್ಮ ಪಕ್ಕಕ್ಕೆ ಬಂದ. ಚೀಲದಿಂದ ಸಣ್ಣ ಸ್ಟೀಲ್ ಡಬ್ಬಿ ತೆಗೆದು ಯಾರಿಗೂ ಕಾಣದ ಹಾಗೆ ನನ್ನ ಕೈಗೆ ತುರುಕಿದ.

"ಅಕ್ಕ, ಮಗೂಗೆ ಅದು ಬೇಡ. ಇದು ಕೊಡು. ಇದು ಅಸಲಿ" ಅಂದ.

ಮಗುವನ್ನು ಮಗಳ ಕೈಗೆ ಕೊಟ್ಟು, ಅವನ ತೋಳು ಹಿಡಿದು ಗುಡಿಯ ಹಿಂದಿನ ಬಾವಿಕಟ್ಟೆಗೆ ಎಳೆದುಕೊಂಡು ಹೋದೆ.

"ಗೊತ್ತಿತ್ತೇನೋ ನಿಂಗೆ?"

"ಮೆತ್ತಗೆ ಮಾತಾಡಕ್ಕ. ಪೂರ್ತಿ ಅದೇ ಅಲ್ಲ, ಬೆಣ್ಣೆನೂ ಇದೆ."

"ಯಾವ ಹರಕೆ ಅಂತ ಗೊತ್ತಿತ್ತಲ್ಲೋ! ಪಕ್ಕದಲ್ಲೇ ನಿಂತಿದ್ಯಲ್ಲೋ ಆಸ್ಪತ್ರೇಲಿ!"

"ಬೇಸ್ಗೆ ಅಕ್ಕ. ಮಾರ್ಕೆಟ್ಟಲ್ಲಿ ಮಾಲೇ ಇಲ್ಲ. ಅಲಂಕಾರಕ್ಕೆ ಅಂತ ನಗರ್ತಪೇಟೇಲಿ ಹೋಲ್‌ಸೇಲಲ್ಲಿ ಇದೇ ತಗೊಳ್ಳೋದು ಈಗ. ನಾನೊಬ್ನೇ ಅಲ್ಲ. ಇಡೀ ದೇಶಾನೇ ಸ್ಪ್ರೆಡ್ ತಿಂತಾ ಇದೆ. ದೇವ್ರೇನು ತಿಂತಾನಾ? ಮೈಗೆ ಹಚ್ಕೋತಾನೆ, ಅಷ್ಟೇ."

"ಪ್ರಸಾದ ಅಂತ ತಿಂತಾರಲ್ಲೋ ಜನ?"

"ಬೇಕ್ರೀಲಿ ದಿನಾ ಅದನ್ನೇ ತಿಂತಾರಲ್ಲ. ಏನಾಗಿದೆ ಯಾರಿಗೆ?" ಅಂದು, ಆಮೇಲೆ ನಿಜಕ್ಕೂ ನೊಂದವನ ಹಾಗೆ, "ಮಗೂಗೆ ಅಂತ ಮರೀದೆ ಬೇರೆ ತಂದಿದೀನಿ. ಅದು ಕಾಣ್ಸಲ್ವಾ ನಿಂಗೆ?" ಅಂದ.

ಕಾಣಿಸದೇ ಏನು. ಒಂದು ಕಣ್ಣಿಗೆ ಬೆಣ್ಣೆ, ಒಂದು ಕಣ್ಣಿಗೆ ಸುಣ್ಣ ಅನ್ನುವ ಗಾದೆಯನ್ನು ಹುಟ್ಟಿದಾಗಿನಿಂದ ಕೇಳಿದ್ದೇನೆ. ಆದರೆ ಮಗುವಿಗೂ ದೇವರಿಗೂ ಒಂದೇ ದಿನ, ಒಂದೇ ಗುಡಿಯಲ್ಲಿ ಹಚ್ಚಿ, ಎರಡನ್ನೂ ಪ್ರೀತಿ ಅನ್ನುವವನನ್ನು ಅವತ್ತೇ ನೋಡಿದ್ದು. ಕಳ್ಳತನ ಮಾಡಿದವನು ಹೆದರಿದರೆ ಕ್ಷಮಿಸಬಹುದೇನೋ. ಇವನು ನನ್ನಿಂದ ಉಪಕಾರಸ್ಮರಣೆಗೆ ಕಾಯುತ್ತಿದ್ದ.

ಒಳಗೆ ಹೋಗಿ ಎಲ್ಲರ ಮುಂದೆ ಕೂಗಿ ಹೇಳಬೇಕು ಅಂತಲೇ ಹೊರಟೆ. ಬಾಗಿಲಲ್ಲಿ ಮಗಳು ಸಿಕ್ಕಳು. ಆ ಗಾಜಿನ ಪೆಟ್ಟಿಗೆಯ ದಿನಗಳಿಂದ ಅವಳ ಮುಖದಲ್ಲಿ ನಿದ್ದೆ ಮಾಡಿದ ಕಳೆಯೇ ಇರಲಿಲ್ಲ. ಅವತ್ತು ಮೊದಲ ಸಲ ನಿರಾಳವಾಗಿ ನಗುತ್ತಿದ್ದಳು. "ಅಮ್ಮ, ಸ್ವಾಮಿ ಒಪ್ಕೊಂಡ್ಬಿಟ್ಟ ಅಲ್ವಾ?" ಅಂದಳು. ಹರಕೆಯೇ ಸುಳ್ಳಾಯಿತು ಮಗಳೇ ಅಂತ ಯಾವ ಬಾಯಲ್ಲಿ ಹೇಳಲಿ? "ಒಪ್ಕೊಂಡ ಕಣಮ್ಮ" ಅಂದೆ. ತಮ್ಮ ಹಿಂದೆಯೇ ನಿಂತು ಕೇಳಿಸಿಕೊಂಡ. ಅವನ ಸುಳ್ಳನ್ನು ಹೊರುವ ಕೆಲಸ ಹಾಗೆ ನನ್ನ ತಲೆಗೆ ಬಂತು.

ಆಮೇಲೆ ಆದದ್ದನ್ನು ಹೇಳಿದರೆ ನಗುತ್ತೀರಿ. ವಿಡಿಯೋ ಊರೆಲ್ಲ ಹರಿದಾಡಿತು. ಯಾವ ಅಂಗಡಿಯ ಬೆಣ್ಣೆ ಅಂತ ಜನ ಹುಡುಕಿಕೊಂಡು ಬಂದರು. ಮಲ್ಲೇಶ್ವರದ ಗುಡಿಗಳಿಂದಲೂ ಆರ್ಡರು. ಸ್ಪ್ರೆಡ್ಡಿನ ಕಾಲದಲ್ಲಿ ಮುಚ್ಚಿಹೋಗಬೇಕಿದ್ದ ಅಂಗಡಿಯ ಮುಂದೆ "ಅಲಂಕಾರಕ್ಕೆ ವಿಶೇಷ ಬೆಣ್ಣೆ ದೊರೆಯುತ್ತದೆ" ಅಂತ ಬೋರ್ಡು ಎದ್ದಿತು. ಅಪ್ಪನ ಫೋಟೋಗೆ ಹೊಸ ಹಾರ. ನಾನು ಆ ಅಂಗಡಿಯ ಮೆಟ್ಟಿಲು ಹತ್ತುವುದನ್ನು ಬಿಟ್ಟೆ. ಹಬ್ಬಕ್ಕೆ ಅವನು ಫೋನು ಮಾಡಿದರೆ ಮಾತಾಡುತ್ತೇನೆ, ಮಳೆ ಬಂತಾ, ಊಟ ಆಯಿತಾ ಅಂತ. ಒಂದೇ ಹಾಲು ಕುಡಿದು ಬೆಳೆದವರು ಅಷ್ಟಕ್ಕೆ ಬಂದೆವು.

ಹರಕೆ ಮಾತ್ರ ಗಂಟಲಲ್ಲಿ ಮುಳ್ಳಿನಂತೆ ಕೂತಿತ್ತು. ಮಗುವಿಗೆ ಒಂದು ಕೆಮ್ಮು ಬಂದರೂ ನನ್ನ ಎದೆ ಹಾರುತ್ತಿತ್ತು. ಕೊನೆಗೆ ನಾನೇ ದಿನಾ ಹಾಲಿನ ಕೆನೆ ತೆಗೆದಿಟ್ಟು, ಹೆಪ್ಪು ಹಾಕಿ, ಅಮ್ಮನ ಕಾಲದ ಕಡೆಗೋಲು ಹುಡುಕಿ ತೆಗೆದು ಕಡೆದೆ. ರಟ್ಟೆ ಬಿದ್ದುಹೋದವು. ಮೈತುಂಬ ಅಲಂಕಾರಕ್ಕೆ ಎಲ್ಲಿ ಸಾಕು? ಒಂದು ಬಟ್ಟಲಷ್ಟಾಯಿತು. ಮೊಮ್ಮಗಳನ್ನು ಎತ್ತಿಕೊಂಡು ಒಂದು ಶನಿವಾರ ಗುಡಿಗೆ ಹೋದೆ. ಅವತ್ತು ಬೇರೆ ಯಾರದ್ದೋ ಅಲಂಕಾರವಿತ್ತು, ತಮ್ಮನ ಅಂಗಡಿಯ ಬೆಣ್ಣೆಯಲ್ಲಿ. ಅರ್ಚಕರು, "ನಿಮ್ಮದು ಎದೆಗೆ ಹಚ್ತೀನಿ ಬಿಡಿ ಅಮ್ಮ, ಬೇಜಾರಿಲ್ಲ" ಎಂದು ಒಂದು ಅಂಗೈಯಗಲ ಜಾಗ ಮಾಡಿ ಹಚ್ಚಿದರು.

ಬಿಸಿಲೇರಿತು. ಭುಜ, ಬಾಲ, ಗದೆ, ಒಂದೂ ಅಲ್ಲಾಡಲಿಲ್ಲ. ಎದೆಯ ಮೇಲಿನ ನನ್ನ ಬೆಣ್ಣೆ ಮಾತ್ರ ಮೆಲ್ಲಗೆ ಹೊಳಪೇರಿ, ಜಾರಿ, ಹೊಟ್ಟೆಯ ಮೇಲಿಂದ ಗೆರೆಯಾಗಿ ಇಳಿದು ಪಾದ ಮುಟ್ಟಿ ಹಿತ್ತಾಳೆ ತಟ್ಟೆಗೆ ತೊಟ್ಟಿಕ್ಕಿತು. ಬೆವರಿದೆಯಾ ಸ್ವಾಮಿ, ಅಂತೂ ಬೆವರಿದೆಯಾ ಅಂತ ನನ್ನ ಕಣ್ಣು ತುಂಬಿ ಬಂತು. ತಟ್ಟೆಯಿಂದ ಒಂದು ಬೆರಳು ಅದ್ದಿ ಮೊಮ್ಮಗಳ ನೆತ್ತಿಗೆ ಹಚ್ಚಿದೆ, ಇನ್ನೊಂದು ಬೆರಳು ಅದ್ದಿ ನಾಲಗೆಗೆ ಇಟ್ಟೆ. ಅವಳು ಚಪ್ಪರಿಸಿ ಮತ್ತೆ ಬಾಯಿ ತೆರೆದಳು.

ನನ್ನ ಹಿಂದೆ ನಿಂತಿದ್ದ ಒಬ್ಬ ಹೆಂಗಸು ಕನಿಕರದಿಂದ ನನ್ನ ಭುಜ ಮುಟ್ಟಿದಳು. "ಎದೆ ಮೇಲೆ ಹಚ್ಚಿದ್ದು ನಿಮ್ದಾ? ಪಾಪ, ನಿಮ್ಗೆ ಯಾರೋ ಕಲಬೆರಕೆ ಕೊಟ್ಟು ಮೋಸ ಮಾಡಿದಾರೆ, ನೋಡಿ ಹೆಂಗೆ ಕರಗ್ಹೋಯ್ತು. ಚಾಮರಾಜಪೇಟೇಲಿ ಒಂದು ಅಂಗಡಿ ಇದೆ, ಮುಂದಿನ ಸಲ ಅಲ್ಲೇ ತಗೊಳ್ಳಿ. ಆ ಮನುಷ್ಯ ಬಹಳ ಸತ್ಯವಂತರು. ನಿಮ್ಗೆ ಗೊತ್ತಾ ಅವ್ರು?"

"ಗೊತ್ತು ಅಂದ್ಕೊಂಡಿದ್ದೆ" ಅಂದೆ.