ಹೆಲ್ಗಾ ತಾವಾಗಿ ಬಿಟ್ಟದ್ದಲ್ಲ

ಕಳೆದ ತಿಂಗಳು ಟಿವಿ ಚಾನೆಲ್‌ನವರು ನನಗೆ ಎರಡು ಹಾಳೆ ಕಳಿಸಿದರು. ಹೆಲ್ಗಾ ಅವರಿಗೆ ಸನ್ಮಾನವಂತೆ. ಹಳೆಯ ಜೊತೆಗಾರ್ತಿಯಾದ ನಾನು ವೇದಿಕೆಯ ಮೇಲೆ ನಿಂತು ಅದನ್ನು ಓದಬೇಕಂತೆ. ಎರಡನೆಯ ಹಾಳೆಯಲ್ಲಿ ಒಂದು ವಾಕ್ಯವಿತ್ತು: 'ಹೊಸಬರಿಗೆ ದಾರಿ ಮಾಡಿಕೊಡಲು ಅವರು ತಾವಾಗಿಯೇ ಕಾರ್ಯಕ್ರಮ ಬಿಟ್ಟರು.' ಓದಿದ್ದೇ ತಡ, ಒಲೆಯ ಮೇಲಿದ್ದ ಸಾರು ಉಕ್ಕಿತೋ ನಾನು ಉಕ್ಕಿದೆನೋ ಹೇಳಲಾರೆ.

"ನೋಡೇ ಇದನ್ನ, ತಾವಾಗಿಯೇ ಬಿಟ್ರಂತೆ!" ಎಂದು ಮಗಳೆದುರು ಹಾಳೆ ಹಿಡಿದೆ. ನೈರೋಬಿಯಲ್ಲೇ ಹುಟ್ಟಿದವಳು, ನನ್ನ ಕನ್ನಡಕ್ಕೆ ಅವಳ ಉತ್ತರವೆಲ್ಲ ಇಂಗ್ಲಿಷಿನಲ್ಲೇ.

"ಸೋ ಡೋಂಟ್ ರೀಡ್ ಇಟ್, ಅಮ್ಮ," ಎಂದಳು, ಫೋನಿನಿಂದ ತಲೆ ಎತ್ತದೆ.

ಅಷ್ಟು ಸುಲಭವಾಗಿದ್ದರೆ ನಿಮ್ಮನ್ನು ಕೂರಿಸಿಕೊಂಡು ಇದನ್ನೆಲ್ಲ ಯಾಕೆ ಹೇಳುತ್ತಿದ್ದೆ?

ಹೆಲ್ಗಾ ಜರ್ಮನಿಯ ಸಣ್ಣ ಊರೊಂದರ ವಾದ್ಯವೃಂದದಲ್ಲಿ ಚೆಲ್ಲೋ ನುಡಿಸುತ್ತಿದ್ದವರು. ಪಿಟೀಲಿನ ದೊಡ್ಡಣ್ಣನಂಥ ವಾದ್ಯ ಅದು; ಕುರ್ಚಿಯ ಮೇಲೆ ಕೂತು ಕಾಲುಗಳ ನಡುವೆ ಇಟ್ಟುಕೊಂಡು ನುಡಿಸಬೇಕು. ಎರಡು ವರ್ಷಕ್ಕೆಂದು ಇಲ್ಲಿನ ಶಾಲೆಯೊಂದಕ್ಕೆ ಸಂಗೀತ ಕಲಿಸಲು ಬಂದವರು ಹಿಂದಿರುಗಲೇ ಇಲ್ಲ. ಅದೇ ಶಾಲೆಯಲ್ಲಿ ನಾನು ಗಣಿತದ ಟೀಚರ್. ಮೈಸೂರಿನಲ್ಲಿ ಹನ್ನೆರಡು ವರ್ಷ ಪಿಟೀಲು ಕಲಿತು, ಮದುವೆಯಾಗಿ ನೈರೋಬಿಯ ಸೌತ್ ಸಿ ಬಡಾವಣೆಗೆ ಬಂದಮೇಲೆ ಅದನ್ನು ಬೀರುವಿನ ಮೇಲೆ ಮಲಗಿಸಿಬಿಟ್ಟಿದ್ದೆ.

ಶನಿವಾರ ಬೆಳಗಿನ ಮಕ್ಕಳ ಸಂಗೀತ ಕಾರ್ಯಕ್ರಮ ನಡೆಸಿಕೊಡಲು ಚಾನೆಲ್ ಕರೆದಾಗ ಹೆಲ್ಗಾ ಶಾಲೆ ಬಿಟ್ಟರು, ನನ್ನನ್ನೂ ನನ್ನ ಪಿಟೀಲನ್ನೂ ಎಳೆದುಕೊಂಡು ಹೋದರು. ಅವರು ಕುರ್ಚಿಯಲ್ಲಿ, ನಾನು ನೆಲದಲ್ಲಿ. ಕ್ಯಾಮೆರಾದಲ್ಲಿ ನಾನು ಅವರ ಕಾಲಡಿ ಕೂತವಳಂತೆ ಕಂಡೆ. ಮೊದಲ ದಿನವೇ ಅವರು ಚಿತ್ರೀಕರಣ ನಿಲ್ಲಿಸಿದರು.

"ನಮ್ಮಿಬ್ಬರ ತಲೆ ಒಂದೇ ಎತ್ತರಕ್ಕೆ ಬರುವವರೆಗೆ ನಾನು ನುಡಿಸುವುದಿಲ್ಲ."

ಬಡಗಿ ಬಂದ. ನನಗೊಂದು ಮರದ ಕಟ್ಟೆಯಾಯಿತು.

ಅವರ ಸ್ವಾಹಿಲಿ ಕೇಳಿ ಮಕ್ಕಳು ಬಿದ್ದು ಬಿದ್ದು ನಗುತ್ತಿದ್ದರು. ತಪ್ಪು ತಿದ್ದಿದ ಮಗುವಿಗೆ ಚೆಲ್ಲೋದ ದಪ್ಪ ತಂತಿ ಮೀಟುವ ಬಹುಮಾನ. ಊರಿನ ಮಟಾಟು ವ್ಯಾನು ಹತ್ತಿದರೆ ಕಂಡಕ್ಟರ್ ಕೂಡ "ಮ್ವಾಲಿಮು, ಟೀಚರ್" ಎಂದು ಕರೆದು ಕಿಟಕಿಯ ಪಕ್ಕ ಕೂರಿಸುತ್ತಿದ್ದ. ಹೀಗೆ ಹನ್ನೊಂದು ವರ್ಷ. ಹಾಡುಗಳನ್ನೆಲ್ಲ ಕಟ್ಟಿದ್ದು ಅವರೇ.

ಆಮೇಲೆ ಹೊಸ ಮ್ಯಾನೇಜರ್ ಬಂದ. ಒಂದು ಸೋಮವಾರ ಫೋನ್ ಮಾಡಿ, "ಮೇಡಂ, ನೋಡುವವರಿಗೆ ಎಳೆಯ ಮುಖ ಬೇಕು," ಎಂದ. ಮುಗಿಯಿತು. ಹಾರ ತುರಾಯಿ ಬೇಡ, ಕೊನೆಯದೊಂದು ಶನಿವಾರವನ್ನಾದರೂ ಕೊಡಬಾರದಿತ್ತೆ? ಮಕ್ಕಳಿಗೆ ಹೋಗಿ ಬರುತ್ತೇನೆ ಎನ್ನಲೂ ಬಿಡಲಿಲ್ಲ. ಅವರ ಹಾಡು, ಅವರ ಆಟ ಎಲ್ಲ ಉಳಿಸಿಕೊಂಡು ಅವರೊಬ್ಬರನ್ನು ಮಾತ್ರ ಕಿತ್ತು ಹಾಕಿದರು. ಆ ಮ್ಯಾನೇಜರನ ತಲೆಯೂ ಪೂರ್ತಿ ನರೆತಿತ್ತು ಎಂಬುದನ್ನು ಹೇಳದಿದ್ದರೆ ನನ್ನ ಹೊಟ್ಟೆ ತಣ್ಣಗಾಗದು.

ಇಷ್ಟೆಲ್ಲ ಕೂಗಾಡುವ ನಾನು ಆಗ ಏನು ಮಾಡಿದೆ? ಮುಂದಿನ ಶನಿವಾರ ಹೋಗಿ ಹೊಸ ನಿರೂಪಕಿಯ ಪಕ್ಕ ಕೂತು ನುಡಿಸಿದೆ. ಕಟ್ಟೆ ತೆಗೆದು ಕುರ್ಚಿ ಹಾಕಿದ್ದರು, ಅದರಲ್ಲೂ ಕೂತೆ. ಟಿವಿಯಲ್ಲಿ ಕಾಣುವ ಚಪಲ ಅಂಥದು. ಆರು ವಾರವಾದ ಮೇಲೆ ನನ್ನನ್ನೂ ಬಿಟ್ಟರು, ಒಂದು ಫೋನೂ ಇಲ್ಲದೆ. ಆಮೇಲಿನ ಒಂಬತ್ತು ವರ್ಷ ಹೆಲ್ಗಾ ಕಣ್ಣಿಗೆ ಬೀಳದಂತೆ ಓಡಾಡಿದೆ.

ಸನ್ಮಾನದ ದಿನ ಅವರು ಮುಂದಿನ ಸಾಲಿನಲ್ಲಿದ್ದರು. ಎಪ್ಪತ್ತು ದಾಟಿದರೂ ಬೆನ್ನು ನೆಟ್ಟಗೆ. ನಾನು ಓದುತ್ತ ಓದುತ್ತ ಆ ವಾಕ್ಯಕ್ಕೆ ಬಂದು ನಿಂತೆ.

"ಇದು ಸುಳ್ಳು," ಎಂದೆ. "ಇವರನ್ನು ಒಂದೇ ಒಂದು ಫೋನಿನಲ್ಲಿ ತೆಗೆದು ಹಾಕಿದರು. ಆರು ವಾರ ಇವರ ಜಾಗಕ್ಕೆ ಬಂದವರ ಪಕ್ಕ ನಾನು ಕೂತು ನುಡಿಸಿದೆ. ಇದು ಸರಿಯಲ್ಲ ಅಂತ ಬಾಯಿ ಬಿಡಲಿಲ್ಲ."

ಮೈಕು ಆರಿಸಿದರು. ಕೊನೆಯ ಬೆಂಚಿಗೆ ಲೆಕ್ಕ ಹೇಳಿಕೊಟ್ಟ ಗಂಟಲಿಗೆ ಮೈಕು ಯಾಕೆ? ಎಲ್ಲ ಹೇಳಿಯೇ ಇಳಿದೆ. ಪ್ರಸಾರದಲ್ಲಿ ನನ್ನ ಒಂದು ಮಾತೂ ಇರಲಿಲ್ಲ. ಬರೀ ಹಾರ, ಬರೀ ಚಪ್ಪಾಳೆ.

ಕಾರ್ಯಕ್ರಮ ಮುಗಿದ ಮೇಲೆ ಹೊರಗೆ ಹೆಲ್ಗಾ ನನ್ನ ಬಳಿ ಬಂದರು. ತಬ್ಬಿಕೊಳ್ಳುತ್ತಾರೆ ಎಂದುಕೊಂಡೆ; ಸಿನಿಮಾ ನೋಡಿ ಕೆಟ್ಟವಳು ನಾನು.

"ಆ ಆರು ವಾರವೂ ನೋಡಿದ್ದೇನೆ," ಎಂದರು. "ಚಾನೆಲ್‌ನವರು ನನಗೆ ಯಾರು? ನನಗೆ ಸಿಟ್ಟಿದ್ದದ್ದು ನಿನ್ನ ಮೇಲೆ."

"ಈಗ?"

"ಈಗಲೂ ಇದೆ. ಶನಿವಾರ ಕಸರಾನಿಯ ಚರ್ಚಿನ ಹಾಲಿಗೆ ಬಾ, ಅಲ್ಲಿ ಮಕ್ಕಳಿಗೆ ಕಲಿಸುತ್ತೇನೆ. ಪಿಟೀಲು ತಾ."

ಮೂರು ಶನಿವಾರಗಳಾದವು. ಎರಡು ಮಟಾಟು ಬದಲಿಸಿ ಹೋಗುತ್ತಿದ್ದೇನೆ. ಚಾನೆಲ್ ಮೇಲಿನ ನನ್ನ ಸಿಟ್ಟು ಇಳಿದಿಲ್ಲ, ಇಳಿಸುವ ಉದ್ದೇಶವೂ ಇಲ್ಲ. ಆದರೆ ತಪ್ಪನ್ನೆಲ್ಲ ಚಾನೆಲ್‌ನವರ ತಲೆಗೇ ಕಟ್ಟಲು ಈಗ ನನಗೆ ಬಾಯಿಲ್ಲ. ಹೆಲ್ಗಾ ನನ್ನನ್ನು ಕೊನೆಯ ಸಾಲಿನಲ್ಲಿ, ಏಳು ವರ್ಷದವರ ನಡುವೆ ಕೂರಿಸಿದ್ದಾರೆ. ನಿನ್ನೆ ಎರಡು ಸಲ ಅಪಸ್ವರ ಬಂದಾಗ ಎಲ್ಲರೆದುರು ಹೆಸರು ಹಿಡಿದು ಗದರಿದರು. ಮಕ್ಕಳು ನಕ್ಕರು. ನಾನು ತಲೆ ತಗ್ಗಿಸಿ ಮೊದಲಿನಿಂದ ನುಡಿಸಿದೆ.